ಗೃಹಸಾಲದ ಜಾಹೀರಾತಿನಲ್ಲಿ ಕಂತಿನ ಪಕ್ಕ ಒಟ್ಟು ಬಡ್ಡಿಯೂ ಇರಲಿ

ಸಂಪಾದಕರಿಗೆ,

ಮಾನ್ಯರೇ,

ನಿಮ್ಮ ಪತ್ರಿಕೆಯ ಮನೆ–ನಿವೇಶನ ಪುರವಣಿಯನ್ನು ನಮ್ಮ ಮನೆಯಲ್ಲಿ ಎಲ್ಲರೂ ಓದುತ್ತೇವೆ. ಅದರಲ್ಲಿ ಬರುವ ಗೃಹಸಾಲದ ಜಾಹೀರಾತುಗಳಲ್ಲಿ ಎರಡು ಅಂಕಿಗಳು ದಪ್ಪ ಅಕ್ಷರದಲ್ಲಿರುತ್ತವೆ. ಒಂದು ಬಡ್ಡಿ ದರ, ಇನ್ನೊಂದು ಲಕ್ಷಕ್ಕೆ ತಿಂಗಳಿಗೆ ಬೀಳುವ ಕಂತು. ಸಾಲ ತೀರುವ ಹೊತ್ತಿಗೆ ಕೈಯಿಂದ ಒಟ್ಟು ಎಷ್ಟು ಹಣ ಹೋಗಿರುತ್ತದೆ ಎಂಬ ಮೂರನೆಯ ಅಂಕಿಯನ್ನು ನಾನು ಇಷ್ಟು ವರ್ಷಗಳಲ್ಲಿ ಒಂದು ಜಾಹೀರಾತಿನಲ್ಲಿಯೂ ಕಂಡಿಲ್ಲ. ಆ ಅಂಕಿಯ ಬಗ್ಗೆಯೇ ಈ ಪತ್ರ. ಸ್ವಲ್ಪ ದೀರ್ಘವಾದೀತು, ದಯವಿಟ್ಟು ಮೊಟಕುಗೊಳಿಸದೆ ಪ್ರಕಟಿಸಬೇಕೆಂದು ಕೋರುತ್ತೇನೆ.

ನಾನು ತುಮಕೂರಿನ ಒಂದು ಪತ್ತಿನ ಸಹಕಾರ ಸಂಘದಲ್ಲಿ ಲೆಕ್ಕಪತ್ರ ನೋಡುವವಳು. ಸಾಲ ಕೇಳಲು ಬರುವವರು ಮೇಜಿನ ಮುಂದೆ ಕುಳಿತ ಕೂಡಲೇ ಕೇಳುವ ಮೊದಲ ಪ್ರಶ್ನೆ, ‘ತಿಂಗಳಿಗೆ ಎಷ್ಟು ಬರುತ್ತೆ?’ ಎಂಬುದು. ಎರಡನೆಯ ಪ್ರಶ್ನೆ, ‘ಇನ್ನೂ ಸ್ವಲ್ಪ ಕಡಿಮೆ ಮಾಡೋಕೆ ಆಗಲ್ವಾ?’ ಎಂಬುದು. ಸಂಬಳದಲ್ಲಿ ಮಕ್ಕಳ ಶಾಲೆಯ ಶುಲ್ಕ, ಅಪ್ಪ–ಅಮ್ಮನ ಔಷಧಿ, ಊರಿನ ಖರ್ಚು ಕಳೆದು ಉಳಿಯುವುದು ಎಷ್ಟು ಎಂಬುದನ್ನು ಮನಸ್ಸಿನಲ್ಲಿಟ್ಟುಕೊಂಡು ಕೇಳುವ ಪ್ರಶ್ನೆಗಳಿವು, ಕೇಳುವುದರಲ್ಲಿ ತಪ್ಪಿಲ್ಲ. ಆದರೆ ಕಂತನ್ನು ಇಳಿಸುವುದಕ್ಕೆ ಸಾಲ ಕೊಡುವವರ ಬಳಿ ಇರುವ ಸುಲಭದ ದಾರಿ ಅವಧಿಯನ್ನು ಹಿಗ್ಗಿಸುವುದು ಒಂದೇ, ಮತ್ತು ಹಿಗ್ಗಿದ ಅವಧಿಗೆ ತೆರಬೇಕಾದ ಬೆಲೆ ಏನೆಂದು ಆ ಹೊತ್ತಿನಲ್ಲಿ ಯಾರೂ ಬಾಯಿಬಿಟ್ಟು ಹೇಳುವುದಿಲ್ಲ.

ಒಂದು ಲೆಕ್ಕ ನೋಡೋಣ. ಶೇ 8.5ರ ಬಡ್ಡಿಯಲ್ಲಿ 50 ಲಕ್ಷ ರೂಪಾಯಿಯನ್ನು 20 ವರ್ಷಕ್ಕೆ ಪಡೆದರೆ ಕಂತು 43,391 ರೂಪಾಯಿ. ಒಟ್ಟು 240 ಕಂತು ಮುಗಿಯುವಾಗ ಕಟ್ಟಿರುವುದು 1 ಕೋಟಿ 4 ಲಕ್ಷ. ಅದರಲ್ಲಿ ಬಡ್ಡಿಯೇ 54 ಲಕ್ಷ. ಅದೇ ಸಾಲವನ್ನು 30 ವರ್ಷಕ್ಕೆ ಹಿಗ್ಗಿಸಿದರೆ ಕಂತು 38,446ಕ್ಕೆ ಇಳಿಯುತ್ತದೆ, ಬಡ್ಡಿ 88 ಲಕ್ಷ 40 ಸಾವಿರಕ್ಕೆ ಏರುತ್ತದೆ. ಅಂದರೆ ತಿಂಗಳಿಗೆ 4,945 ರೂಪಾಯಿ ಹಗುರವಾಯಿತೆಂದು ನೆಮ್ಮದಿಪಟ್ಟವರು ಅದಕ್ಕಾಗಿ ಹೆಚ್ಚುವರಿಯಾಗಿ 34 ಲಕ್ಷಕ್ಕೂ ಮೇಲ್ಪಟ್ಟು ಕೊಡುತ್ತಾರೆ. ಹಾಗಲ್ಲದೆ, ಹೇಗಾದರೂ ಹೊಂದಿಸಿಕೊಂಡು 15 ವರ್ಷಕ್ಕೇ ಒಪ್ಪಿದರೆ ಕಂತು 49,237 ಆಗುತ್ತದೆ, ಬಡ್ಡಿ 38 ಲಕ್ಷ 63 ಸಾವಿರಕ್ಕೆ ನಿಲ್ಲುತ್ತದೆ. ಸಾಲ ಅದೇ, ದರ ಅದೇ, ಮನೆಯೂ ಅದೇ. ಅವಧಿಯ ಒಂದು ಅಂಕಿ ಬದಲಾದದ್ದಕ್ಕೆ ಮನೆಯ ಬೆಲೆ ಇಷ್ಟು ಬದಲಾಗುತ್ತದೆ ಎಂಬುದನ್ನು ಸಹಿ ಹಾಕುವ ಮೊದಲು ತಿಳಿಸದಿದ್ದರೆ, ಕೊಳ್ಳುವವರಿಗೆ ವಸ್ತುವಿನ ಬೆಲೆಯನ್ನೇ ಹೇಳದೆ ಮಾರಿದಂತಾಗುತ್ತದೆ.

ಹೀಗೇಕಾಗುತ್ತದೆ ಎಂಬುದರಲ್ಲಿ ಮೋಸವೇನೂ ಇಲ್ಲ. ಬಡ್ಡಿಯನ್ನು ಆಯಾ ತಿಂಗಳು ಉಳಿದಿರುವ ಅಸಲಿನ ಮೇಲೆ ಹಾಕುತ್ತಾರೆ. ಕಂತಿನಲ್ಲಿ ಮೊದಲು ಬಡ್ಡಿ ಮುರಿದುಕೊಂಡು ಉಳಿದದ್ದನ್ನು ಅಸಲಿಗೆ ಜಮಾ ಮಾಡುತ್ತಾರೆ. ಮೇಲಿನ 20 ವರ್ಷದ ಸಾಲದಲ್ಲಿ ಮೊದಲ ತಿಂಗಳು ಕಟ್ಟುವ 43,391ರಲ್ಲಿ 35,417 ಬಡ್ಡಿಗೇ ಹೋಗುತ್ತದೆ, ಅಸಲಿಗೆ ಸೇರುವುದು 7,974. ಐದು ವರ್ಷ ಒಂದು ದಿನವೂ ತಪ್ಪದೆ ಕಟ್ಟಿದವರು 26 ಲಕ್ಷ ಕೊಟ್ಟಿರುತ್ತಾರೆ, ಅಸಲು ಇಳಿದಿರುವುದು 6 ಲಕ್ಷಕ್ಕೂ ಕಡಿಮೆ. ಅಸಲಿನ ಅರ್ಧ ತೀರುವುದು 13 ವರ್ಷ 10 ತಿಂಗಳಾದ ಮೇಲೆ. ಹತ್ತು ವರ್ಷಕ್ಕೆ ಅರ್ಧ ಸಾಲ ತೀರಿರುತ್ತದೆ ಎಂದುಕೊಂಡು, ಮಗಳ ಕಾಲೇಜಿಗೋ ಮದುವೆಗೋ ಮನೆ ಮಾರಲು ಹೊರಟು ಉಳಿಕೆ ಮೊತ್ತದ ಪತ್ರ ಕೈಗೆ ಬಂದಾಗ ಕಂಗಾಲಾದವರನ್ನು ನಾನು ಕಂಡಿದ್ದೇನೆ.

ಇಷ್ಟೆಲ್ಲ ಗೊತ್ತಿದ್ದ ನಾನೇ ನನ್ನ ಸ್ವಂತ ಸಾಲದಲ್ಲಿ ಎಡವಿದೆ. ನಡೆದದ್ದನ್ನು ಬರೆಯುತ್ತೇನೆ, ಏಕೆಂದರೆ ಅದು ನಮ್ಮೊಬ್ಬರಿಗೇ ಆದದ್ದಲ್ಲ.

2021ರ ಸೆಪ್ಟೆಂಬರಿನಲ್ಲಿ ನಾವು 54 ಲಕ್ಷ ರೂಪಾಯಿಗೆ ಒಂದು ಮನೆ ಕೊಂಡೆವು. 40 ಲಕ್ಷ ಸಾಲ, 20 ವರ್ಷ, ಬದಲಾಗುವ ಬಡ್ಡಿ ದರ. ಆಗ ಆರ್‌ಬಿಐನ ರೆಪೊ ದರ, ಅಂದರೆ ಬ್ಯಾಂಕುಗಳಿಗೆ ಅದು ಕೊಡುವ ಅಲ್ಪಾವಧಿ ಸಾಲದ ಬಡ್ಡಿ, ಶೇ 4ರಲ್ಲಿತ್ತು, ನಮಗೆ ಶೇ 6.75ಕ್ಕೆ ಸಾಲ ಸಿಕ್ಕಿತು. ಕಂತು 30,415 ರೂಪಾಯಿ. ನನಗೆ ಆಗ ನಲವತ್ತು ವರ್ಷ. ಅರವತ್ತಕ್ಕೆ ಸಾಲ ತೀರುತ್ತದೆ ಎಂಬ ಲೆಕ್ಕ ಹಾಕಿ ಸಹಿ ಹಾಕಿದ್ದೆ. 2022ರ ಮೇ ತಿಂಗಳಿನಿಂದ ರೆಪೊ ದರ ಏರತೊಡಗಿ 2023ರ ಫೆಬ್ರುವರಿಗೆ ಶೇ 6.5 ತಲುಪಿತು. ಹತ್ತು ತಿಂಗಳೊಳಗೆ ಎರಡೂವರೆ ಪ್ರತಿಶತ. 2019ರ ಅಕ್ಟೋಬರ್‌ 1ರಿಂದ ಬ್ಯಾಂಕುಗಳು ಬದಲಾಗುವ ದರದ ಹೊಸ ಗೃಹಸಾಲಗಳನ್ನು ರೆಪೊದಂತಹ ಹೊರಗಿನ ಮಾನದಂಡಕ್ಕೆ ಜೋಡಿಸಲೇಬೇಕು, ಮೂರು ತಿಂಗಳಿಗೆ ಒಮ್ಮೆಯಾದರೂ ದರವನ್ನು ಪರಿಷ್ಕರಿಸಬೇಕು ಎಂಬ ನಿಯಮವಿರುವುದರಿಂದ ನಮ್ಮ ದರವೂ ಮೆಟ್ಟಿಲು ಮೆಟ್ಟಿಲಾಗಿ ಏರಿ ಶೇ 9.25ಕ್ಕೆ ಮುಟ್ಟಿತು. ಪ್ರತಿ ಸಲವೂ ಮೊಬೈಲಿಗೆ ಇಂಗ್ಲಿಷಿನಲ್ಲಿ ಒಂದು ಸಂದೇಶ ಬರುತ್ತಿತ್ತು. ದರ ಬದಲಾಗಿದೆ ಎಂದಷ್ಟೇ ಅದರಲ್ಲಿ ಇರುತ್ತಿತ್ತು. ಖಾತೆಯಿಂದ ತಿಂಗಳು ತಿಂಗಳು ಕಡಿತವಾಗುತ್ತಿದ್ದುದು ಮಾತ್ರ ಅದೇ 30,415. ಕಂತು ಬದಲಾಗದ ಕಾರಣ ನಾವು ಆ ಸಂದೇಶಗಳ ಬಗ್ಗೆ ತಲೆ ಕೆಡಿಸಿಕೊಳ್ಳಲಿಲ್ಲ.

2023ರ ಏಪ್ರಿಲ್‌ನಲ್ಲಿ ಆದಾಯ ತೆರಿಗೆಗೆ ಬೇಕಾದ ಬಡ್ಡಿ ಪ್ರಮಾಣಪತ್ರ ತರಲು ಶಾಖೆಗೆ ಹೋದವಳು, ಹೇಗೂ ಬಂದಿದ್ದೇನೆಂದು ಸಾಲದ ಖಾತೆಯ ವಿವರವನ್ನೂ ಮುದ್ರಿಸಿ ಕೊಡಿ ಎಂದು ಕೇಳಿದೆ. ಎರಡು ಹಾಳೆ ಕೊಟ್ಟರು. ಅಲ್ಲಿಯೇ ಬೆಂಚಿನ ಮೇಲೆ ಕುಳಿತು ಬೆರಳಿಟ್ಟು ಓದುತ್ತಾ ಹೋದೆ. ಮೊದಲ ತಿಂಗಳು ಅಸಲಿಗೆ ಜಮಾ ಆಗಿದ್ದು 7,915. ಮುಂದಿನ ಜುಲೈ ಬರುವಾಗ ಅದು ಐದು ಸಾವಿರ ಚಿಲ್ಲರೆ, ಅಕ್ಟೋಬರಿನಲ್ಲಿ ಎರಡು ಸಾವಿರದ ಇನ್ನೂರು, ಜನವರಿಯಲ್ಲಿ ಸಾವಿರದ ನೂರು. ಆ ಏಪ್ರಿಲ್ ತಿಂಗಳ ಸಾಲಿನಲ್ಲಿ ಬಡ್ಡಿ 30,068, ಅಸಲು 347.

ಮುನ್ನೂರ ನಲವತ್ತೇಳು ರೂಪಾಯಿ. ಮೂವತ್ತು ಸಾವಿರ ಕಟ್ಟಿ ಸಾಲ ಕರಗಿದ್ದು ಅಷ್ಟು. ಮಾರ್ಚ್‌ವರೆಗಿನ ಹದಿನೆಂಟು ಕಂತುಗಳಲ್ಲಿ ಕಟ್ಟಿದ 5 ಲಕ್ಷ 47 ಸಾವಿರದಲ್ಲಿ 1 ಲಕ್ಷವೂ ಅಸಲಿಗೆ ಸೇರಿರಲಿಲ್ಲ. ಹಾಳೆಯ ಕೊನೆಯಲ್ಲಿ ಉಳಿದ ಕಂತುಗಳ ಸಂಖ್ಯೆ ಇತ್ತು. 222 ಇರಬೇಕಾಗಿದ್ದ ಕಡೆ 582 ಎಂದಿತ್ತು. ಅಂದರೆ ಇನ್ನೂ ನಲವತ್ತೆಂಟೂವರೆ ವರ್ಷ. ನನಗೆ ತೊಂಬತ್ತು ತುಂಬುವವರೆಗೆ. ಕೌಂಟರಿನಲ್ಲಿದ್ದ ಅಧಿಕಾರಿಯನ್ನು ಕೇಳಿದೆ. ಅವರು ಪರದೆಯನ್ನು ನೋಡಿ, ಸಮಾಧಾನದ ದನಿಯಲ್ಲಿಯೇ, ‘ನಿಮ್ಮ ಕಂತು ಏನೂ ಜಾಸ್ತಿ ಆಗಿಲ್ಲವಲ್ಲ ಮೇಡಂ, ಯಾಕೆ ಚಿಂತೆ ಮಾಡ್ತೀರಾ?’ ಎಂದರು. ಅವರನ್ನು ನಾನು ದೂರುವುದಿಲ್ಲ. ಕಂತು ಏರಿದರೆ ಗ್ರಾಹಕರು ಜಗಳಕ್ಕೆ ಬರುತ್ತಾರೆ, ಅವಧಿ ಏರಿದರೆ ಯಾರಿಗೂ ಗೊತ್ತಾಗುವುದಿಲ್ಲ ಎಂಬ ಅನುಭವ ಅವರದು. ದೂರು ಇರುವುದು ನಮ್ಮನ್ನು ಕೇಳದೆಯೇ ಅವಧಿಯನ್ನು ಹಿಗ್ಗಿಸಿ, ಹಿಗ್ಗಿಸಿದ್ದನ್ನು ತಿಳಿಸದೇ ಇದ್ದ ವ್ಯವಸ್ಥೆಯ ಬಗ್ಗೆ.

ಆ ರಾತ್ರಿ ಊಟವಾದ ಮೇಲೆ ಗಂಡ ಹೆಂಡತಿ ಇಬ್ಬರೂ ಲೆಕ್ಕ ಹಾಕಿದೆವು. ದರ ಅಲ್ಲಿಯೇ ನಿಂತರೆ, 30,415ರ ಕಂತನ್ನೇ ಕಟ್ಟುತ್ತಾ ಹೋದರೆ, ಮುಂದೆ ಕಟ್ಟಬೇಕಾದದ್ದು ಸುಮಾರು 1 ಕೋಟಿ 77 ಲಕ್ಷ. ಕಂತನ್ನು 36,750ಕ್ಕೆ ಏರಿಸಿ ಮೊದಲು ಒಪ್ಪಿದ್ದ ಅವಧಿಯಲ್ಲೇ ತೀರಿಸಿದರೆ 81 ಲಕ್ಷ 60 ಸಾವಿರ. ತಿಂಗಳಿಗೆ 6,335 ರೂಪಾಯಿ ಹೊಂದಿಸಿಕೊಳ್ಳಬಲ್ಲೆವೇ ಎಂಬ ಒಂದು ಪ್ರಶ್ನೆಗೆ 95 ಲಕ್ಷ ತಗಲಿಕೊಂಡಿತ್ತು, ಮತ್ತು ಆ ಪ್ರಶ್ನೆಯನ್ನು ನಮ್ಮ ಮುಂದೆ ಯಾರೂ ಇಟ್ಟಿರಲಿಲ್ಲ. ಚೀಟಿ ಒಂದನ್ನು ಬಿಟ್ಟು, ವಾರಾಂತ್ಯದ ಓಡಾಟ ಕಡಿಮೆ ಮಾಡಿ, ಮರುವಾರವೇ ಅರ್ಜಿ ಬರೆದು ಕಂತನ್ನು 37,000ಕ್ಕೆ ಏರಿಸಿಕೊಂಡೆವು. ಅದಕ್ಕೆ ಖಾತೆಯಿಂದ ಕಡಿತ ಮಾಡುವ ಹೊಸ ಒಪ್ಪಿಗೆ ಪತ್ರಕ್ಕೆ ಸಹಿ ಹಾಕಬೇಕಾಯಿತು, ಎರಡು ಸಲ ಓಡಾಡಬೇಕಾಯಿತು. ಅಷ್ಟೇ.

ನಮ್ಮಂತಹ ಸಾಲಗಾರರ ದೂರುಗಳು ಆರ್‌ಬಿಐಗೂ ತಲುಪಿದ್ದವು. 2023ರ ಆಗಸ್ಟ್‌ 18ರಂದು ಅದು ಹೊರಡಿಸಿದ ಸುತ್ತೋಲೆಯು, ದರ ಬದಲಾದಾಗ ಕಂತು ಅಥವಾ ಅವಧಿ ಎಷ್ಟು ಬದಲಾಗುತ್ತದೆ ಎಂಬುದನ್ನು ಸಾಲಗಾರರಿಗೆ ಕೂಡಲೇ ತಿಳಿಸಬೇಕು, ಕಂತು ಏರಿಸಬೇಕೋ ಅವಧಿ ಏರಿಸಬೇಕೋ ಎರಡನ್ನೂ ಸ್ವಲ್ಪ ಸ್ವಲ್ಪ ಏರಿಸಬೇಕೋ ಎಂಬ ಆಯ್ಕೆಯನ್ನು ಅವರಿಗೇ ಕೊಡಬೇಕು, ಅವಧಿ ಹಿಗ್ಗಿದ್ದರಿಂದ ಕಂತು ಬಡ್ಡಿಗೂ ಸಾಲದೆ ಅಸಲು ಬೆಳೆಯುವ ಸ್ಥಿತಿ ಬರಬಾರದು ಎಂದು ಹೇಳಿತು. ಮೂರು ತಿಂಗಳಿಗೊಮ್ಮೆ ಕೊಡುವ ವಿವರದಲ್ಲಿ ಅದುವರೆಗೆ ವಸೂಲಾದ ಅಸಲು, ಬಡ್ಡಿ, ಕಂತಿನ ಮೊತ್ತ ಮತ್ತು ಉಳಿದಿರುವ ಕಂತುಗಳ ಸಂಖ್ಯೆ ಇರಲೇಬೇಕು ಎಂದೂ ಹೇಳಿತು. ಹಳೆಯ ಸಾಲಗಳಿಗೂ ಇದು ಅನ್ವಯಿಸುತ್ತದೆ. ಒಳ್ಳೆಯ ನಿಯಮ, ಒಂದು ವರ್ಷ ಮೊದಲೇ ಬಂದಿದ್ದರೆ ನಮಗೆ ಆ ಬೆಂಚಿನ ಮೇಲೆ ಕುಳಿತು ತಿಳಿಯಬೇಕಾದ ಪ್ರಸಂಗ ಬರುತ್ತಿರಲಿಲ್ಲ. ಆದರೆ ನಿಯಮ ಬಂದ ಮೇಲೂ ನಮ್ಮ ಸಂಘಕ್ಕೆ ಬರುವ ಸದಸ್ಯರನ್ನು, ‘ನಿಮ್ಮ ಬ್ಯಾಂಕಿನ ಗೃಹಸಾಲದಲ್ಲಿ ಇನ್ನೆಷ್ಟು ಕಂತು ಉಳಿದಿವೆ?’ ಎಂದು ಕೇಳಿದರೆ ಹೆಚ್ಚಿನವರು ಸಾಲ ಪಡೆದ ದಿನದಿಂದ ಎಣಿಸಿ ಉತ್ತರಿಸುತ್ತಾರೆಯೇ ಹೊರತು ಬ್ಯಾಂಕು ಕಳಿಸಿದ ವಿವರವನ್ನು ನೋಡಿ ಅಲ್ಲ. ವಿವರ ಇಮೇಲಿಗೆ ಬಂದಿರುತ್ತದೆ, ಅದು ಇಂಗ್ಲಿಷಿನಲ್ಲಿರುತ್ತದೆ, ತೆರೆಯಲು ಪಾಸ್‌ವರ್ಡ್ ಬೇಕಾಗುತ್ತದೆ. ಯಾರು ತೆರೆಯುತ್ತಾರೆ?

ಭಾಷೆಯ ವಿಷಯವನ್ನು ಒತ್ತಿ ಹೇಳಬೇಕಾಗಿದೆ. 2024ರ ಅಕ್ಟೋಬರ್‌ 1ರಿಂದ ಎಲ್ಲ ಹೊಸ ಚಿಲ್ಲರೆ ಸಾಲಗಳಿಗೆ ಮುಖ್ಯಾಂಶಗಳ ವಿವರಣಾ ಪತ್ರವೊಂದನ್ನು ಸಾಲಗಾರರಿಗೆ ಕೊಡುವುದು ಕಡ್ಡಾಯವಾಗಿದೆ. ಬಡ್ಡಿಯ ಜೊತೆಗೆ ಸಂಸ್ಕರಣಾ ಶುಲ್ಕ, ಕಾನೂನು ಪರಿಶೀಲನೆ, ವಿಮೆ ಮುಂತಾದ ವೆಚ್ಚಗಳನ್ನೂ ಸೇರಿಸಿ ಸಾಲ ವರ್ಷಕ್ಕೆ ನಿಜವಾಗಿ ಶೇಕಡ ಎಷ್ಟು ಬೀಳುತ್ತದೆ ಎಂಬುದನ್ನು ಅದರಲ್ಲಿ ತೋರಿಸಬೇಕು, ಕಂತು ಕಂತಿಗೂ ಅಸಲೆಷ್ಟು ಬಡ್ಡಿಯೆಷ್ಟು ಎಂಬ ಪಟ್ಟಿಯನ್ನೂ ಲಗತ್ತಿಸಬೇಕು. ನಾನು ಈ ಪತ್ರದ ಆರಂಭದಲ್ಲಿ ಕೇಳಿದ ಮೂರನೆಯ ಅಂಕಿ ಆ ಪತ್ರದಲ್ಲಿಯೇ ಸಿಗುತ್ತದೆ. ಆ ಪತ್ರ ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು ಎಂಬುದೂ ಅದೇ ನಿಯಮದ ಮಾತು. ಕನ್ನಡದಲ್ಲಿ ಕೊಡಿ ಎಂದು ಕೇಳುವುದು ಯಾರ ಮುಂದೆಯೂ ಕೈ ಚಾಚಿದಂತಲ್ಲ. ಹೀಗಿದ್ದೂ ಈಚೆಗೆ ನಮ್ಮ ಬಂಧುವೊಬ್ಬರ ಮಗ ಸಾಲ ಪಡೆದಾಗ ಜೊತೆಗೆ ಹೋಗಿದ್ದ ನಾನು ನೋಡಿದ್ದು, ನಲವತ್ತಕ್ಕೂ ಹೆಚ್ಚು ಪುಟಗಳ ಇಂಗ್ಲಿಷ್ ಕಟ್ಟು ಮತ್ತು ಸಹಿ ಹಾಕಬೇಕಾದ ಕಡೆಯೆಲ್ಲ ಅಂಟಿಸಿದ ಹಳದಿ ಚೀಟಿಗಳು. ವಿವರಣಾ ಪತ್ರ ಆ ಕಟ್ಟಿನ ನಡುವೆಲ್ಲೋ ಇತ್ತು. ಕನ್ನಡದ ಪ್ರತಿ ಕೇಳಿದ್ದಕ್ಕೆ ಹತ್ತು ನಿಮಿಷ ಕಾಯಿಸಿ, ಕೊಟ್ಟರು. ಕೇಳಿದರೆ ಸಿಗುತ್ತದೆ ಎಂಬುದನ್ನು ಓದುಗರು ಗಮನಿಸಬೇಕು.

ಸಾಲಕ್ಕೆ ಹೊರತಾದ ವೆಚ್ಚಗಳೂ ಕಡೆಗೆ ಸಾಲಕ್ಕೇ ಬಂದು ಸೇರುತ್ತವೆ. 30 ಲಕ್ಷದಿಂದ 75 ಲಕ್ಷದವರೆಗಿನ ಸಾಲದಲ್ಲಿ ಮನೆಯ ಬೆಲೆಯ ಶೇ 80ರಷ್ಟನ್ನು ಮಾತ್ರ ಬ್ಯಾಂಕು ಕೊಡಬಹುದು, ಮತ್ತು ಆ ಬೆಲೆಯಲ್ಲಿ ಮುದ್ರಾಂಕ ಶುಲ್ಕ, ನೋಂದಣಿ ಶುಲ್ಕ ಸೇರುವುದಿಲ್ಲ. 45 ಲಕ್ಷಕ್ಕೆ ಮೇಲ್ಪಟ್ಟ ಆಸ್ತಿಗೆ ಕರ್ನಾಟಕದಲ್ಲಿ ಮುದ್ರಾಂಕ ಶುಲ್ಕ ಶೇ 5. ಅದರ ಮೇಲೆ ಉಪಕರ, ಸರ್‌ಚಾರ್ಜ್. ನಾವು ಕೊಂಡಾಗ ನೋಂದಣಿ ಶುಲ್ಕ ಶೇ 1 ಇತ್ತು. ಎಲ್ಲ ಸೇರಿ 3 ಲಕ್ಷ 56 ಸಾವಿರ ಕಟ್ಟಿದೆವು. 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕ ಶೇ 2 ಆಗಿರುವುದರಿಂದ ನಗರ ಪ್ರದೇಶದಲ್ಲಿ ಒಟ್ಟು ಶೇ 7.6 ಬೀಳುತ್ತದೆ, ಅದೇ ಮನೆಗೆ ಇಂದು 4 ಲಕ್ಷ 10 ಸಾವಿರ. ಕಟ್ಟಡ ಇನ್ನೂ ಮುಗಿಯದ ಫ್ಲ್ಯಾಟ್ ಆದರೆ ಶೇ 5ರ ಜಿಎಸ್‌ಟಿ ಬೇರೆ. ಈ ಹಣಕ್ಕಾಗಿ ಮನೆಯ ಹೆಂಗಸರ ಒಡವೆ ಅಡವು ಅಂಗಡಿಗೆ ಹೋಗುತ್ತದೆ. ನನ್ನ ಎರಡು ಬಳೆಗಳೂ ಹೋಗಿದ್ದವು, ಬಿಡಿಸಿಕೊಳ್ಳಲು ಹದಿನಾಲ್ಕು ತಿಂಗಳು ಬೇಕಾಯಿತು. ಆ ಒಡವೆ ಸಾಲದ ಬಡ್ಡಿಯನ್ನು ಯಾರೂ ಮನೆಯ ಲೆಕ್ಕಕ್ಕೆ ಬರೆಯುವುದಿಲ್ಲ.

ಸಾಲದ ಜೊತೆಗೆ ಮಾರುವ ವಿಮೆಯ ಬಗ್ಗೆಯೂ ಎಚ್ಚರ ಬೇಕು. ಸಾಲಗಾರರಿಗೆ ಏನಾದರೂ ಆದರೆ ಮನೆಯವರಿಗೆ ಆಸರೆ ಬೇಕೆಂಬುದು ಸರಿ, ವಿಮೆ ಇರಲೇಬೇಕೆಂದೇ ನಾನು ಹೇಳುತ್ತೇನೆ. ಆದರೆ ಬ್ಯಾಂಕು ತೋರಿಸಿದ ವಿಮೆಯನ್ನೇ ಕೊಳ್ಳಬೇಕೆಂಬ ಕಡ್ಡಾಯವಿಲ್ಲ. ಒಂದೇ ಗಂಟಿನಲ್ಲಿ ಕಟ್ಟುವ ಒಂದೂವರೆ ಲಕ್ಷದ ಪ್ರೀಮಿಯಂ ಅನ್ನು ಸಾಲಕ್ಕೇ ಸೇರಿಸಿಬಿಟ್ಟರೆ, ಶೇ 8.5ರಲ್ಲಿ 20 ವರ್ಷಕ್ಕೆ ಅದು 3 ಲಕ್ಷ 12 ಸಾವಿರವಾಗುತ್ತದೆ. ಪ್ರತ್ಯೇಕವಾಗಿ ಅವಧಿ ವಿಮೆ (ಟರ್ಮ್ ಇನ್ಶೂರೆನ್ಸ್) ಮಾಡಿಸಿ ವರ್ಷ ವರ್ಷ ಕಟ್ಟಿದರೆ ಎಷ್ಟಾಗುತ್ತದೆ ಎಂದು ಹೋಲಿಸಿ ನೋಡದೆ ಸಹಿ ಹಾಕಬಾರದು.

ಇನ್ನು, ‘ಗೃಹಸಾಲ ಇದ್ದರೆ ತೆರಿಗೆ ಉಳಿಯುತ್ತದೆ, ಬೇಗ ತೀರಿಸಬೇಡಿ’ ಎಂಬ ಸಲಹೆ. ಇದನ್ನು ಓದು ಬಲ್ಲವರೇ ಹೇಳುವುದರಿಂದ ನಂಬುವವರು ಬಹಳ. ಹಳೆಯ ತೆರಿಗೆ ಪದ್ಧತಿಯಲ್ಲಿ ತಾವೇ ವಾಸವಿರುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇದೆ. ಶೇ 30ರ ಹಂತದಲ್ಲಿರುವವರಿಗೂ ಅದರಿಂದ ಉಳಿಯುವುದು ಸೆಸ್ ಸೇರಿ 62,400 ರೂಪಾಯಿ. ಮೇಲೆ ಹೇಳಿದ 50 ಲಕ್ಷದ ಸಾಲದಲ್ಲಿ ಮೊದಲ ವರ್ಷದ ಬಡ್ಡಿಯೇ 4 ಲಕ್ಷ 21 ಸಾವಿರ. ಅರವತ್ತು ಸಾವಿರ ಉಳಿಸಲು ನಾಲ್ಕು ಲಕ್ಷ ಕೊಡುವುದನ್ನು ಉಳಿತಾಯ ಎನ್ನಲಾಗದು. ಹೊಸ ಪದ್ಧತಿಯಲ್ಲಂತೂ ಸ್ವಂತ ವಾಸದ ಮನೆಯ ಬಡ್ಡಿಗೆ ಈ ವಿನಾಯಿತಿಯೇ ಇಲ್ಲ, ಮತ್ತು 12 ಲಕ್ಷದವರೆಗಿನ ವಾರ್ಷಿಕ ಆದಾಯಕ್ಕೆ ಅದರಲ್ಲಿ ತೆರಿಗೆ ಬೀಳದಂತೆ ಮಾಡಿದ ಮೇಲೆ ಮಧ್ಯಮ ವರ್ಗದ ಬಹಳಷ್ಟು ಸಂಬಳದಾರರು ಆ ಕಡೆಗೇ ಹೋಗಿದ್ದಾರೆ. ಅವರ ಮಟ್ಟಿಗೆ ಆ ಹಳೆಯ ಸಲಹೆಗೆ ಆಧಾರವೇ ಉಳಿದಿಲ್ಲ.

ಸಾಲ ಮಾಡಲೇಬಾರದು ಎಂಬುದು ನನ್ನ ವಾದವಲ್ಲ. ಸಾಲ ಮಾಡದೆ ನಮ್ಮಂಥವರು ಮನೆ ಕಾಣಲು ಸಾಧ್ಯವಿಲ್ಲ. ಬಾಡಿಗೆ ಮನೆಯಲ್ಲಿ ಹನ್ನೊಂದು ತಿಂಗಳಿಗೊಮ್ಮೆ ಕರಾರು ಬದಲಿಸಿ, ಮಕ್ಕಳ ಶಾಲೆ ಬದಲಾಗುವ ಭಯದಲ್ಲಿ ಬದುಕಿದವರಿಗೆ ಸ್ವಂತ ಸೂರಿನ ಬೆಲೆ ಗೊತ್ತು. ಮತ್ತು ಬಡ್ಡಿಯ ಒಟ್ಟು ಮೊತ್ತವೂ ಪೂರ್ತಿ ಸತ್ಯವನ್ನು ಹೇಳುವುದಿಲ್ಲ ಎಂಬುದನ್ನು ನ್ಯಾಯವಾಗಿ ಒಪ್ಪಬೇಕು. ವರ್ಷಕ್ಕೆ ಶೇ 5ರಂತೆ ಬೆಲೆಗಳು ಏರಿದರೆ ಇಪ್ಪತ್ತು ವರ್ಷದ ನಂತರ ಕೊಡುವ ಒಂದು ರೂಪಾಯಿ ಇಂದಿನ 38 ಪೈಸೆಗೆ ಸಮ. ಕೊನೆಯ ವರ್ಷಗಳ ಕಂತು ಆಗಿನ ಸಂಬಳದಲ್ಲಿ ಇಷ್ಟು ಭಾರವೆನಿಸದು. ಸಾಲ ತೀರಿಸುವ ಆತುರದಲ್ಲಿ ಕೈಯಲ್ಲಿದ್ದ ಆಪತ್ತಿನ ಹಣವನ್ನೆಲ್ಲ ಬ್ಯಾಂಕಿಗೆ ಸುರಿದು, ಮನೆಯಲ್ಲಿ ಒಬ್ಬರು ಆಸ್ಪತ್ರೆ ಸೇರಿದಾಗ ಶೇ 15ರ ವೈಯಕ್ತಿಕ ಸಾಲಕ್ಕೆ ಅಲೆದವರನ್ನೂ ಕಂಡಿದ್ದೇನೆ. ಅದು ಜಾಣತನವಲ್ಲ. ನಾನು ಕೇಳುತ್ತಿರುವುದು ಇಷ್ಟೇ: ಇಪ್ಪತ್ತು ವರ್ಷವೋ ಮೂವತ್ತು ವರ್ಷವೋ ಎಂದು ಆರಿಸಿಕೊಳ್ಳುವಾಗ ಆ ಆಯ್ಕೆಯ ಬೆಲೆ ಎದುರಿಗಿರಬೇಕು.

ಬೆಲೆ ತಿಳಿದರೆ ಮಾಡಬಹುದಾದದ್ದು ಸಾಕಷ್ಟಿದೆ. ಬದಲಾಗುವ ದರದ ಗೃಹಸಾಲವನ್ನು ಅವಧಿಗೆ ಮೊದಲೇ ತೀರಿಸಿದರೆ ವ್ಯಕ್ತಿಗಳಿಂದ ದಂಡ ವಸೂಲು ಮಾಡುವಂತಿಲ್ಲ ಎಂದು ಆರ್‌ಬಿಐ 2012ರಲ್ಲಿಯೇ ಬ್ಯಾಂಕುಗಳಿಗೆ ಆದೇಶಿಸಿದೆ. ಇಷ್ಟಾದರೂ ದಂಡ ಹಾಕುತ್ತಾರೆಂಬ ಭಯದಿಂದ ಬೋನಸ್ ಹಣವನ್ನು ಉಳಿತಾಯ ಖಾತೆಯಲ್ಲೇ ಬಿಡುವವರಿದ್ದಾರೆ. 50 ಲಕ್ಷದ, 20 ವರ್ಷದ ಅದೇ ಸಾಲದಲ್ಲಿ ವರ್ಷಕ್ಕೆ ಒಂದು ಕಂತು ಹೆಚ್ಚಾಗಿ ಕಟ್ಟಿದರೆ ಸಾಲ ಮೂರು ವರ್ಷಕ್ಕೂ ಹೆಚ್ಚು ಮೊದಲೇ ತೀರುತ್ತದೆ, ಬಡ್ಡಿಯಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಉಳಿಯುತ್ತದೆ. ಯಾವಾಗ ಕಟ್ಟುತ್ತೇವೆ ಎಂಬುದೂ ಅಷ್ಟೇ ಮುಖ್ಯ. ಮೊದಲ ವರ್ಷ ಮುಗಿದಾಗ ಅಸಲಿಗೆ ಕಟ್ಟಿದ 1 ಲಕ್ಷ ರೂಪಾಯಿ ಕೊನೆಯಲ್ಲಿ 11 ಕಂತುಗಳನ್ನು ಅಳಿಸುತ್ತದೆ. ಅದೇ 1 ಲಕ್ಷವನ್ನು ಹದಿನೈದು ವರ್ಷದ ನಂತರ ಕಟ್ಟಿದರೆ ಅಳಿಯುವುದು ಮೂರೂವರೆ ಕಂತು. ಹಾಗೆ ಕಟ್ಟುವಾಗ ಕಂತನ್ನು ಇಳಿಸಬೇಡಿ, ಅವಧಿಯನ್ನು ಇಳಿಸಿ ಎಂದು ಬರೆದುಕೊಟ್ಟು ಸ್ವೀಕೃತಿ ಪಡೆಯಬೇಕು.

ದರ ಇಳಿಯುವ ಕಾಲದಲ್ಲಿ ಈ ಎಚ್ಚರ ಇನ್ನೂ ಹೆಚ್ಚು ಬೇಕು. 2025ರ ಫೆಬ್ರುವರಿಯಿಂದ ಡಿಸೆಂಬರ್‌ವರೆಗೆ ರೆಪೊ ದರ ನಾಲ್ಕು ಸಲ ಇಳಿದು ಶೇ 6.5ರಿಂದ 5.25ಕ್ಕೆ ಬಂದಿತು. ಕಂತು ಇಳಿಯುತ್ತದೆ, ಕೈಯಲ್ಲಿ ನಾಲ್ಕು ಕಾಸು ಉಳಿಯುತ್ತದೆ ಎಂಬ ಸುದ್ದಿಗಳು ನಿಮ್ಮ ಪತ್ರಿಕೆಯಲ್ಲೂ ಬಂದವು. ನಾವು ಕಂತು ಇಳಿಸಬೇಡಿ ಎಂದು ಬರೆದುಕೊಟ್ಟೆವು. ಕಳೆದ ಜನವರಿಯ ವಿವರ ನನ್ನ ಮುಂದಿದೆ: 37,000ದ ಕಂತಿನಲ್ಲಿ ಬಡ್ಡಿ 24,197, ಅಸಲು 12,803, ಉಳಿದ ಕಂತು 160. ಮೊದಲು ಗೊತ್ತುಪಡಿಸಿದ್ದಕ್ಕಿಂತ ಎರಡು ವರ್ಷಕ್ಕೂ ಹೆಚ್ಚು ಮುಂಚೆಯೇ ಮುಗಿಯುವ ಲೆಕ್ಕ. ರೆಪೊಗೆ ಜೋಡಿಸದ ಹಳೆಯ ಸಾಲಗಳು ಇನ್ನೂ ಅನೇಕರಲ್ಲಿವೆ; ಅಂಥವರು ರೆಪೊಗೆ ಜೋಡಿಸಿದ ದರಕ್ಕೆ ಬದಲಾಯಿಸಿಕೊಳ್ಳಲು ಶುಲ್ಕವೆಷ್ಟು, ಅದರಿಂದ ಇಳಿಯುವ ದರವೆಷ್ಟು ಎಂದು ತಮ್ಮ ಶಾಖೆಯಲ್ಲಿ ಕೇಳಬೇಕು. ಕೇಳದವರಿಗೆ ಇಳಿಕೆಯ ಲಾಭ ತಾನಾಗಿ ಬಂದು ತಲುಪುವುದಿಲ್ಲ.

ಈ ಹಿನ್ನೆಲೆಯಲ್ಲಿ ನನ್ನ ಬೇಡಿಕೆಗಳು ಸ್ಪಷ್ಟವಾಗಿವೆ. ಗೃಹಸಾಲದ ಜಾಹೀರಾತಿನಲ್ಲಿ ಕಂತನ್ನು ಯಾವ ಗಾತ್ರದ ಅಕ್ಷರದಲ್ಲಿ ಮುದ್ರಿಸುತ್ತಾರೋ ಅದೇ ಗಾತ್ರದಲ್ಲಿ ಅವಧಿ ಮತ್ತು ಒಟ್ಟು ಬಡ್ಡಿಯನ್ನೂ ಮುದ್ರಿಸಬೇಕೆಂದು ಆರ್‌ಬಿಐ ನಿಯಮ ಮಾಡಬೇಕು. ದರ ಬದಲಾದಾಗ ಮೊಬೈಲಿಗೆ ಬರುವ ಸಂದೇಶದಲ್ಲಿ ಹಳೆಯ ದರ, ಹೊಸ ದರದ ಜೊತೆಗೆ ಉಳಿದ ಕಂತುಗಳ ಸಂಖ್ಯೆ ಎಷ್ಟಿದ್ದದ್ದು ಎಷ್ಟಾಯಿತು ಎಂಬುದು ಕನ್ನಡದಲ್ಲಿರಬೇಕು. ಅದಕ್ಕೆ ಒಂದು ಸಾಲು ಸಾಕು. ಸಾಲಗಾರರ ಒಪ್ಪಿಗೆಯಿಲ್ಲದೆ ಅವರ ನಿವೃತ್ತಿಯ ವಯಸ್ಸನ್ನು ದಾಟುವಂತೆ ಅವಧಿ ಹಿಗ್ಗಿಸುವುದನ್ನು ನಿಲ್ಲಿಸಬೇಕು. ರಾಜ್ಯ ಮಟ್ಟದ ಬ್ಯಾಂಕರುಗಳ ಸಮಿತಿಯು ತನ್ನ ಸಭೆಗಳಲ್ಲಿ ಕನ್ನಡದ ವಿವರಣಾ ಪತ್ರಗಳು ಶಾಖೆಗಳಲ್ಲಿ ಕೇಳದೆಯೇ ಸಿಗುತ್ತಿವೆಯೇ ಎಂದು ವಿಚಾರಿಸಬೇಕು.

ನಿಮ್ಮ ಪತ್ರಿಕೆಗೂ ಒಂದು ವಿನಂತಿ ಇದೆ. ಪುರವಣಿಯಲ್ಲಿ ವಾರಕ್ಕೊಮ್ಮೆ ಬ್ಯಾಂಕುಗಳ ಬಡ್ಡಿ ದರದ ಪಟ್ಟಿ ಹಾಕುವ ಜಾಗದಲ್ಲಿ, 25 ಲಕ್ಷಕ್ಕೆ, 50 ಲಕ್ಷಕ್ಕೆ, 75 ಲಕ್ಷಕ್ಕೆ, 15, 20, 30 ವರ್ಷಗಳಲ್ಲಿ ಕಂತೆಷ್ಟು, ಒಟ್ಟು ಬಡ್ಡಿಯೆಷ್ಟು ಎಂಬ ಒಂಬತ್ತು ಚೌಕಗಳ ಚಿಕ್ಕ ಕೋಷ್ಟಕವನ್ನು ಪ್ರಕಟಿಸಿ. ಅಂಕಿಗಳನ್ನು ಪ್ರತಿ ತಿಂಗಳೂ ಲೆಕ್ಕ ಹಾಕಿ ಕಳಿಸಿಕೊಡಲು ನಾನು ಸಿದ್ಧಳಿದ್ದೇನೆ.

ಇತಿ,
ಸಹಕಾರ ಸಂಘವೊಂದರ ಲೆಕ್ಕಪತ್ರ ನೋಡುವವಳು,
ತುಮಕೂರು